ಕಾಲ ತಿರುಚೋ ಹೊಸ ವಿದ್ಯೆಗೆ ಅಡ್ಡ ನಿಲ್ಲೋ ಹಳೇ ಪಂಥ: ಕತೆಗೆ ಅದನ್ನ ಕಟ್ಟೋದು ಹೆಂಗೆ

ಟೈಮ್ ಜೊತೆ ಆಟ ಆಡೋ ಕತೆ ಬರೆಯೋಕೆ ಕೂತೋರೆಲ್ಲ ಒಂದಲ್ಲ ಒಂದು ಸಲ ಈ ಪಂಥನ ತಂದೇ ತರ್ತಾರೆ. ಉದ್ದ ನಿಲುವಂಗಿ, ಗವಿಯೊಳಗೆ ದೀಪ, ಗಡ್ಡ ಬಿಟ್ಟ ಮುದುಕರು, "ಕಾಲವನ್ನು ಮುಟ್ಟಬೇಡಿ, ಅನರ್ಥವಾದೀತು" ಅಂತ ಒಂದು ಡೈಲಾಗ್, ಆಮೇಲೆ ಹೀರೋ ಬಂದು ಮುಟ್ತಾನೆ, ಅನರ್ಥ ಆಗತ್ತೋ ಬಿಡತ್ತೋ, ಮುದುಕರಂತೂ ಅಲ್ಲಿಗೆ ಔಟ್. ನಾನೂ ಹಂಗೇ ಬರ್ದಿದ್ದೆ. ನಲವತ್ತು ಪುಟ ಓದಿದ ಗೆಳೆಯ ಒಂದೇ ಪ್ರಶ್ನೆ ಕೇಳ್ದ, "ಇವ್ರು ಬೆಳಗ್ಗೆ ಎದ್ದು ಏನ್ ಕೆಲ್ಸ ಮಾಡ್ತಾರೋ?" ನನ್ ಹತ್ರ ಉತ್ತರಾನೇ ಇರ್ಲಿಲ್ಲ. ನಲವತ್ತು ಪುಟ ಪಕ್ಕಕ್ಕಿಟ್ಟು ಮೊದಲಿಂದ ಶುರು ಮಾಡ್ಕೊಂಡೆ, ಆಗ ಕಲಿತಿದ್ದನ್ನೇ ಇಲ್ಲಿ ಹಾಕ್ತಿದೀನಿ. ಕಾದಂಬರಿ ಬರೆಯೋರಿಗೂ ಆಗತ್ತೆ, ಫ್ರೆಂಡ್ಸ್ ಜೊತೆ ರೋಲ್ ಪ್ಲೇ ಗೇಮ್ ಆಡಿಸೋರಿಗೂ ಆಗತ್ತೆ.

ಮೊದ್ಲು ಹಳೇ ವಿದ್ಯೆ, ಪಂಥ ಆಮೇಲೆ

ಎಲ್ಲರೂ ಎಡವೋ ಜಾಗ ಇದು. ಪಂಥ ಅಂದ್ ತಕ್ಷಣ ಅದರ ಧ್ಯೇಯ, ಲಾಂಛನ, ಪ್ರತಿಜ್ಞೆ ಎಲ್ಲ ಬರ್ದಿಡ್ತೀವಿ, ಅವರು ಯಾವುದನ್ನ ಕಾಪಾಡ್ತಿದಾರೆ ಅನ್ನೋದು ಮಾತ್ರ ಖಾಲಿ. ಸ್ವಲ್ಪ ಯೋಚ್ನೆ ಮಾಡಿ, ಹೊಸ ವಿಧಾನಕ್ಕೆ ವಿರೋಧ ಅಂದ್ರೆ ಹಳೇ ವಿಧಾನ ಅಂತ ಒಂದು ಇದೆ ಅಂತ ತಾನೆ? ಅಂದ್ರೆ ಇವರೂ ಕಾಲಕ್ಕೆ ಕೈ ಹಾಕೋರೇ, ತಲೆತಲಾಂತರದಿಂದ ಹಾಕ್ಕೊಂಡೇ ಬಂದೋರು. ಜಗಳ ಇರೋದು ಹೆಂಗೆ ಮುಟ್ಬೇಕು, ಯಾರು ಮುಟ್ಬೇಕು, ಮುಟ್ಟಿದ್ದಕ್ಕೆ ಯಾರ ಮೈಮೇಲೆ ಬರೆ ಬೀಳ್ಬೇಕು ಅನ್ನೋದ್ರಲ್ಲಿ. ಇದೊಂದು ತಲೇಲಿ ಕೂತ್ರೆ ಅರ್ಧ ಕತೆ ತಾನಾಗೇ ಎದ್ದು ಬರತ್ತೆ.

ನಾನು ಹಿಡ್ಕೊಂಡಿದ್ದು ಗಳಿಗೆ ಬಟ್ಟಲು. ನಿಜವಾಗ್ಲೂ ಇದ್ದ ವಸ್ತು, ಗಡಿಯಾರ ಬರೋಕ್ ಮುಂಚೆ ಹೊತ್ತು ಅಳೀತಿದ್ದ ಸಾಧನ. ತಾಮ್ರದ ಬಟ್ಟಲು, ತಳದಲ್ಲಿ ಸಣ್ಣ ತೂತು. ದೊಡ್ಡ ಪಾತ್ರೆ ನೀರಿನ ಮೇಲೆ ತೇಲಿಬಿಟ್ರೆ ತೂತಿನಿಂದ ನೀರು ಒಳಗೆ ಏರ್ತಾ ಏರ್ತಾ 24 ನಿಮಿಷಕ್ಕೆ ಬುಳಕ್ ಅಂತ ಮುಳುಗತ್ತೆ, ಅದೇ ಒಂದು ಗಳಿಗೆ, ದಿನಕ್ಕೆ 60. ಮುಳುಗಿದ ಕೂಡ್ಲೇ ಎತ್ತಿ, ನೀರು ಚೆಲ್ಲಿ, ಮತ್ತೆ ತೇಲಿಬಿಡ್ಬೇಕು, ಮುಳುಗಿದ್ದು ಗೊತ್ತಾಗ್ಲಿ ಅಂತ ಜಾಗಟೆ ಹೊಡೀಬೇಕು. ಅಂದ್ರೆ ಒಬ್ಬ ಮನುಷ್ಯ ಅದರ ಪಕ್ಕದಲ್ಲೇ ಕೂತಿರ್ಬೇಕು. ನಿದ್ದೆ ಬಂದ್ರೆ ಊರಿಗೆ ಊರೇ ಹೊತ್ತು ತಪ್ಪತ್ತೆ. ನನ್ ಗೆಳೆಯನ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಇಲ್ಲಿ: ಇವರು ಬೆಳಗ್ಗೆ ಎದ್ದು ಬಟ್ಟಲು ಕಾಯ್ತಾರೆ.

ಈಗ ಇದಕ್ಕೆ ಸ್ವಲ್ಪ ಮಾಯೆ ಸೇರ್ಸಿ. ನನ್ನ ಕತೇಲಿ ಬಟ್ಟಲಿನವರು ಒಂದು ಕೋಣೆಯೊಳಗೆ ಬಟ್ಟಲು ತೇಲಿಬಿಟ್ರೆ ಅದು ಮುಳುಗೋವರೆಗೂ ಆ ಕೋಣೇಲಿ ಕಾಲ ನಿಲ್ಲತ್ತೆ. ಸಾಯ್ತಾ ಇರೋರನ್ನ ದೂರದಲ್ಲಿರೋ ಮಗ ಬರೋವರೆಗೂ ಹಿಡಿದಿಡ್ಬಹುದು, ಒಡೀತಾ ಇರೋ ಕಟ್ಟೆನ ಜನ ದಾಟೋವರೆಗೂ ತಡೀಬಹುದು. ಕೆಲಸ ಒಳ್ಳೇದು. ಆದ್ರೆ ಪುಕ್ಕಟೆ ಅಲ್ಲ.

ಬೆಲೆ ಕಟ್ಟಿ, ಲೆಕ್ಕ ಹಾಕಿ, ಪೆನ್ನು ಹಿಡಿದೇ ಹಾಕಿ

ಮೊದಲ ಸಲ ನಾನು ಕಟ್ಟಿದ ಬೆಲೆ ಏನಂದ್ರೆ ಎಷ್ಟು ಹೊತ್ತು ಕಾಲ ನಿಲ್ಸಿದ್ರೋ ಅಷ್ಟು ಹೊತ್ತು ಕಾವಲಿನವನ ಆಯುಷ್ಯದಿಂದ ಹೋಗತ್ತೆ ಅಂತ. ಕೇಳೋಕೆ ಭಾರಿ ಗಂಭೀರವಾಗಿದೆ ಅಲ್ವಾ. ಲೆಕ್ಕ ಹಾಕಿದ್ರೆ ನಗು ಬರತ್ತೆ. ದಿನಕ್ಕೆ ಐದು ಬಟ್ಟಲು ಅಂದ್ರೆ ಎರಡು ಗಂಟೆ, ವರ್ಷಕ್ಕೆ 730 ಗಂಟೆ, ಅಂದ್ರೆ ಬರೀ ಒಂದು ತಿಂಗಳು. ಮೂವತ್ತು ವರ್ಷ ಸೇವೆ ಮಾಡಿದ್ರೂ ಕಳ್ಕೊಳ್ಳೋದು ಎರಡೂವರೆ ವರ್ಷ. ಇಷ್ಟಕ್ಕೆ ಯಾರೂ ಹುತಾತ್ಮ ಆಗಲ್ಲ.

ಹಂಗಾಗಿ ದರ ಬದಲಾಯ್ಸಿದೆ, ಒಂದು ಬಟ್ಟಲಿಗೆ ಒಂದು ದಿನ. ದಿನಕ್ಕೆ ಐದು ಬಟ್ಟಲು ಕಾದ್ರೆ ಮೈಗೆ ಐದು ದಿನ ಹೆಚ್ಚಿಗೆ ವಯಸ್ಸಾಗತ್ತೆ. ಇಪ್ಪತ್ತಕ್ಕೆ ಸೇರಿದ ಹುಡುಗ ಹತ್ತು ವರ್ಷ ಕಾದ್ರೆ ಹುಟ್ಟಿದ ಲೆಕ್ಕಕ್ಕೆ ಮೂವತ್ತು, ಮೈ ಲೆಕ್ಕಕ್ಕೆ ಎಂಬತ್ತು. ಈ ಸಂಖ್ಯೆ ಕಾಗದದ ಮೇಲೆ ಬಂದಾಗ ನಾನು ಕುರ್ಚಿ ಬಿಟ್ಟು ಎದ್ದೆ ನಿಜವಾಗ್ಲೂ, ಯಾಕಂದ್ರೆ ಪಂಥದ ಇಡೀ ಚಿತ್ರ ತಲೆಕೆಳಗಾಯ್ತು. ಇಲ್ಲಿ ಬಿಳಿ ಗಡ್ಡದ "ಹಿರಿಯರು" ಅಂದ್ರೆ ಮೂವತ್ತು ವರ್ಷದ ಹುಡುಗರು! ಅನುಭವ ಮೂವತ್ತರದು, ಮಂಡಿನೋವು ಎಂಬತ್ತರದು. ಇವರಿಗೆ ಹೊಸ ವಿದ್ಯೆ ಮೇಲೆ ಸಿಟ್ಟು ಬರೋದು ಮುದುಕರ ಗೊಣಗಾಟ ಅಲ್ಲ, ತಮ್ಮ ಐವತ್ತು ವರ್ಷ ಕೊಟ್ಟು ಮಾಡಿದ ಕೆಲಸನ ಯಾರೋ ಒಬ್ಬ ಸ್ವಿಚ್ ಒತ್ತಿ ಮಾಡ್ತಿದಾನಲ್ಲ ಅನ್ನೋ ಹೊಟ್ಟೆ ಉರಿ. ಇದನ್ನ ನಾನು ಯೋಚಿಸಿ ಕಂಡುಹಿಡಿದಿದ್ದಲ್ಲ, ಗುಣಾಕಾರ ಕೊಟ್ಟಿದ್ದು. ಅದಕ್ಕೇ ಹೇಳ್ತಿರೋದು, ತತ್ವ ಬರೆಯೋಕ್ ಮುಂಚೆ ದರ ನಿಗದಿ ಮಾಡಿ.

ಆ ದರದಿಂದ ಇನ್ನೊಂದಷ್ಟು ತಾನಾಗೇ ಹುಟ್ಟತ್ತೆ. ಹೊಸ ಹುಡುಗರು ಸೇರ್ತಾನೇ ಇರ್ಬೇಕು, ಇಲ್ದಿದ್ರೆ ಹತ್ತು ವರ್ಷದಲ್ಲಿ ಪಂಥ ಖಾಲಿ. ಯಾವ ಮನೆಯವರು ಮಗನ್ನ ಕಳಿಸ್ತಾರೆ, ಯಾವ ಮನೆಯವರು ಬಚ್ಚಿಡ್ತಾರೆ ಅನ್ನೋದೇ ಒಂದು ಉಪಕತೆ.

ವಿರೋಧಕ್ಕೆ ಕಾರಣ ಏನು

"ಹಳೇದು ಪವಿತ್ರ, ಹೊಸದು ಪಾಪ" ಅಂತ ಬರ್ದು ಮುಗಿಸ್ಬೇಡಿ ದಯವಿಟ್ಟು. ಹೊಸ ಯಂತ್ರಕ್ಕೆ ಅಡ್ಡ ಬಿದ್ದ ನಿಜವಾದ ಜನ ಯಾರು ಅಂತ ಸ್ವಲ್ಪ ನೋಡಿ. ಇಂಗ್ಲೆಂಡಲ್ಲಿ 1811ರಿಂದ ಮಗ್ಗ ಒಡೆದ ಲಡೈಟ್‌ಗಳನ್ನ ಈಗ ಟೆಕ್ನಾಲಜಿ ಕಂಡ್ರೆ ಆಗದೋರು ಅನ್ನೋಕೆ ಬೈಗುಳದ ಥರ ಬಳಸ್ತೀವಿ. ಆದ್ರೆ ನಾಟಿಂಗ್‌ಹ್ಯಾಮ್ ಕಡೆ ಅವರು ಒಡೆದ ಕಾಲುಚೀಲ ನೇಯೋ ಯಂತ್ರ ಹೊಸದೇನಲ್ಲ, 1589ರಷ್ಟು ಹಿಂದೇನೇ ಬಂದಿದ್ದು, ಅವರ ಅಪ್ಪ ತಾತ ಎಲ್ಲ ಅದರ ಮೇಲೇ ಅನ್ನ ತಿಂದೋರು. ಒಡೆದಿದ್ದು ಕೂಲಿ ಇಳಿಸಿ, ಬಟ್ಟೆನ ಕತ್ತರಿಸಿ ಹೊಲಿದು ಕಳಪೆ ಮಾಲು ಮಾಡ್ತಿದ್ದೋರ ಯಂತ್ರನ, ಸರಿಯಾಗಿ ಕೂಲಿ ಕೊಡೋರದನ್ನ ಮುಟ್ದೇ ಬಿಟ್ಟಿದ್ದೂ ಉಂಟು. 1812ರಲ್ಲಿ ಸರ್ಕಾರ ಮಗ್ಗ ಒಡೆದ್ರೆ ಗಲ್ಲು ಅಂತ ಕಾನೂನೇ ಮಾಡ್ತು. ನಿಮ್ಮ ಪಂಥಕ್ಕೂ ಈ ವಿವೇಚನೆ ಕೊಡಿ. ಅವರು ಯಾವ ಯಂತ್ರ ಒಡೀತಾರೆ, ಯಾವುದನ್ನ ಬಿಡ್ತಾರೆ? ಬಿಟ್ಟಿದ್ದು ಯಾಕೆ? ಈ ಎರಡು ಪ್ರಶ್ನೆಗೆ ಉತ್ತರ ಇದ್ರೆ ಪ್ರಣಾಳಿಕೆನೇ ಬೇಡ.

ಇನ್ನೊಂದು ಕಾರಣ ನನಗೆ ತುಂಬಾ ಹಿಡಿಸಿದ್ದು ಸೋವಿಯತ್ ಕತೆಯಿಂದ. 1929ರಲ್ಲಿ ಅಲ್ಲಿ ಏಳು ದಿನದ ವಾರ ತೆಗೆದು ಐದು ದಿನದ್ದು ಮಾಡಿದ್ರು, ಕೆಲಸಗಾರರನ್ನ ಐದು ಗುಂಪು ಮಾಡಿ ಗುಂಪಿಗೊಂದು ಬಣ್ಣ ಕೊಟ್ಟು ಒಬ್ಬೊಬ್ಬರಿಗೆ ಒಂದೊಂದು ದಿನ ರಜೆ, ಯಂತ್ರ ಮಾತ್ರ ಯಾವತ್ತೂ ನಿಲ್ಲಬಾರ್ದು ಅಂತ. ಲೆಕ್ಕದಲ್ಲಿ ರಜೆ ಮೊದಲಿಗಿಂತ ಬೇಗ ಬರತ್ತೆ, ಏಳಕ್ಕೊಂದರ ಬದಲು ಐದಕ್ಕೊಂದು. ಆದ್ರೆ ಗಂಡನ ಬಣ್ಣ ಬೇರೆ ಹೆಂಡ್ತಿ ಬಣ್ಣ ಬೇರೆ ಆದ್ರೆ ಇಬ್ಬರೂ ಒಟ್ಟಿಗೆ ಮನೇಲಿರೋ ದಿನಾನೇ ಇಲ್ಲ. ಎರಡು ವರ್ಷಕ್ಕೆ ಅದನ್ನ ಬಿಟ್ಟು ಆರು ದಿನದ್ದು ತಂದ್ರು, 1940ರಲ್ಲಿ ಮತ್ತೆ ಏಳಕ್ಕೇ ವಾಪಸ್. ಇದರಲ್ಲಿ ನಮಗೆ ಬೇಕಾದ ವಿಷ್ಯ ಏನಂದ್ರೆ ಕಾಲ ಎಲ್ಲರಿಗೂ ಒಟ್ಟಿಗೆ ಸೇರಿದ್ದು, ಒಬ್ಬೊಬ್ಬರಿಗೆ ಹಂಚಿಬಿಟ್ರೆ ಲೆಕ್ಕಕ್ಕೆ ಜಾಸ್ತಿ ಸಿಕ್ಕಿದ್ರೂ ಕೂಡಿ ಬಾಳೋಕೆ ಆಗಲ್ಲ. ನಿಮ್ಮ ಪಂಥದವರ ಬಾಯಿಗೆ ಈ ವಾದ ಕೊಡಿ, ಹೊಸ ವಿದ್ಯೆಯವರಿಗೆ ಸಟ್ ಅಂತ ಉತ್ತರ ಹೊಳೆಯಲ್ಲ.

ಫ್ರೆಂಚ್ ಕ್ರಾಂತಿಯವರು ದಿನಕ್ಕೆ ಹತ್ತು ಗಂಟೆ, ಗಂಟೆಗೆ ನೂರು ನಿಮಿಷ ಅಂತ 1793ರಲ್ಲಿ ತಂದಿದ್ದೂ ಇಂಥದ್ದೇ, ಗಂಟೆ ಲೆಕ್ಕ 1795ರಲ್ಲೇ ಕೈಬಿಟ್ರು, ಹತ್ತು ದಿನದ ವಾರ ಆಮೇಲೂ ಕೆಲವು ವರ್ಷ ಎಳೀತು. ವಾರ ಹತ್ತು ದಿನ ಆದ್ರೆ ರಜೆ ಎಷ್ಟು ದಿನಕ್ಕೊಮ್ಮೆ ಅಂತ ಕೂಲಿಯವನಿಗೆ ತಕ್ಷಣ ಅರ್ಥ ಆಗತ್ತೆ, ಅದಕ್ಕೆ ತತ್ವಶಾಸ್ತ್ರ ಬೇಕಿಲ್ಲ.

ಹನ್ನೊಂದು ದಿನದ ಗಲಾಟೆ ಬಗ್ಗೆ ಒಂದು ಎಚ್ಚರಿಕೆ

ಈ ವಿಷ್ಯ ಹುಡುಕೋಕೆ ಹೋದ್ರೆ ಮೊದಲು ಸಿಗೋದೇ ಇದು: ಬ್ರಿಟನ್ನಲ್ಲಿ ಹಳೇ ಕ್ಯಾಲೆಂಡರ್ ಬಿಟ್ಟು ಹೊಸದಕ್ಕೆ ಹೋಗೋಕೆ ಕಾನೂನು ಮಾಡಿದ್ರು, 1752ರ ಸೆಪ್ಟೆಂಬರ್ 2 ಆದ್ಮೇಲೆ ನೇರ ಸೆಪ್ಟೆಂಬರ್ 14 ಬಂತು, ಜನ ಬೀದಿಗಿಳಿದು "ನಮ್ಮ ಹನ್ನೊಂದು ದಿನ ವಾಪಸ್ ಕೊಡಿ" ಅಂತ ದಂಗೆ ಎದ್ರು ಅಂತ. ದಿನಾಂಕ ಹಾರಿಸಿದ್ದು ನಿಜ. ದಂಗೆಗೆ ಮಾತ್ರ ಗಟ್ಟಿ ಪುರಾವೆ ಇಲ್ಲ, ಹೊಗಾರ್ತ್ ಅನ್ನೋ ಚಿತ್ರಕಾರ ಚುನಾವಣೆ ಗೇಲಿ ಮಾಡಿ ಬರೆದ ಚಿತ್ರದಲ್ಲಿ ನೆಲದ ಮೇಲೆ ಬಿದ್ದಿರೋ ಒಂದು ಫಲಕದಲ್ಲಿ ಆ ಘೋಷಣೆ ಇದೆ, ಅದನ್ನೇ ಮುಂದಿನವರು ಇತಿಹಾಸ ಅಂತ ಹಿಡ್ಕೊಂಡ್ರು. "ದಡ್ಡ ಜನ ಆಯುಷ್ಯ ಹೋಯ್ತು ಅಂತ ಅತ್ರು" ಅನ್ನೋದು ಗೆದ್ದೋರು ಹೇಳೋ ಕತೆ.

ನಿಜವಾದ ತಲೆನೋವು ಬೇರೆ ಇತ್ತು: ಬಾಡಿಗೆ, ಸಂಬಳ, ಸಾಲದ ಗಡುವು. ಸೆಪ್ಟೆಂಬರಲ್ಲಿ ಇರೋದೇ 19 ದಿನ ಆದ್ರೆ ಪೂರ್ತಿ ತಿಂಗಳ ಬಾಡಿಗೆ ಕೊಡ್ಬೇಕಾ? ಆ ಕಾನೂನಲ್ಲೇ ಇದಕ್ಕೆಲ್ಲ ಷರತ್ತು ಹಾಕಿದ್ರು, ಹಳೇ ಲೆಕ್ಕದ ದಿನ ತುಂಬಿದ ಮೇಲೇ ಗಡುವು ಅಂತ. ಬ್ರಿಟನ್ನಿನ ತೆರಿಗೆ ವರ್ಷ ಇವತ್ತಿಗೂ ಏಪ್ರಿಲ್ 6ಕ್ಕೆ ಶುರು ಆಗೋದರ ಬೇರು ಅಲ್ಲೇ ಇದೆ.

ಅದಕ್ಕೇ ನಿಮ್ಮ ಕತೇಲಿ ಕಾಲ ತಿರುಚಿದಾಗ ಬಡ್ಡಿ ಏನಾಗತ್ತೆ ಅಂತ ಕೇಳ್ಕೊಳ್ಳಿ. ಒಬ್ಬನ ಮನೇಲಿ ಮೂರು ದಿನ ಕಾಲ ನಿಲ್ಸಿದ್ರೆ ಅವನ ಸಾಲದ ಬಡ್ಡಿ ಓಡತ್ತಾ ನಿಲ್ಲತ್ತಾ? ಬಸುರಿ ಹೆಂಗಸಿನ ತಿಂಗಳು ಯಾವ ಲೆಕ್ಕದಲ್ಲಿ ಎಣಿಸ್ಬೇಕು? ಜೈಲಲ್ಲಿರೋನ ಶಿಕ್ಷೆ? ಈ ಜಗಳಗಳನ್ನ ತೀರ್ಮಾನ ಮಾಡ್ತಿದ್ದೋರು ಯಾರು ಅಂದ್ರೆ ಪಂಥದವರೇ, ಊರಿನ ಹೊತ್ತಿನ ಲೆಕ್ಕ ಅವರ ಪುಸ್ತಕದಲ್ಲಿತ್ತು. ಹೊಸ ಯಂತ್ರ ಬಂದ್ರೆ ಆ ಪುಸ್ತಕಕ್ಕೆ ಬೆಲೆ ಇಲ್ಲ. ಪಂಥದ ನಿಜವಾದ ಅಧಿಕಾರ ಇದ್ದಿದ್ದು ಅಲ್ಲಿ, ಇದನ್ನ ಅವರು ಬಾಯಿಬಿಟ್ಟು ಒಪ್ಪಲ್ಲ, ಓದೋರಿಗೆ ಮಾತ್ರ ಗೊತ್ತಾಗ್ಬೇಕು.

ಹೆಸರು, ಮಾತು

ಯಾವ ಸಂಪ್ರದಾಯಸ್ಥರೂ ತಮ್ಮನ್ನ ಸಂಪ್ರದಾಯಸ್ಥರು ಅಂತ ಕರ್ಕೊಳ್ಳಲ್ಲ, ಅವರ ಮಟ್ಟಿಗೆ ಅವರು ಸರಿಯಾಗಿರೋರು ಅಷ್ಟೆ. ಹಂಗಾಗಿ ಪಂಥಕ್ಕೆ ಎರಡು ಹೆಸರು ಬೇಕು, ಒಳಗಿನವರದ್ದು ಒಂದು, ಬೀದಿಯವರದ್ದು ಒಂದು. "ಮಹಾಕಾಲ ಸಂರಕ್ಷಣಾ ಪೀಠ" ಥರದ್ದು ಇಟ್ರೆ ಹೋಯ್ತು, ಟಿವಿ ಸೀರಿಯಲ್ ಆಗ್ಬಿಡತ್ತೆ. ಜನ ಕೆಲಸ ನೋಡಿ ಹೆಸರಿಡ್ತಾರೆ, "ಬಟ್ಟಲಿನವರು", ಅಷ್ಟೇ ಸಾಕು.

ಕ್ರಿಯಾಪದಗಳಲ್ಲೇ ಪಂಥದ ಗುಟ್ಟಿರೋದು. ನನ್ನ ಬಟ್ಟಲಿನವರು "ಕಾಲ ನಿಲ್ಲಿಸಿದೆ" ಅನ್ನಲ್ಲ, "ಗಳಿಗೆ ಕೂತೆ" ಅಂತಾರೆ. ಹೊಸಬರು "ಟೈಮ್ ತೆಗೆದೆ" ಅಂತಾರೆ, ಟ್ಯಾಂಕಿಂದ ನೀರು ತೆಗೆದ ಹಾಗೆ. ಎಲ್ಲಿಂದ ತೆಗೆದ್ರಿ ಅಂತ ಕೇಳೋದೇ ಪಂಥದ ಇಡೀ ವಾದ. ಇನ್ನು ಎಲ್ಲರ ಬಾಯಲ್ಲೂ ಗ್ರಾಂಥಿಕ ಕನ್ನಡ ತುಂಬಬೇಡಿ, ಮೂವತ್ತು ವರ್ಷದ ಹುಡುಗ ತಾನೆ, ಮೈ ಮಾತ್ರ ಹಣ್ಣಾಗಿರೋದು, ಅವನ ತಮಾಷೆ ಅವನ ಬೈಗುಳ ಎಲ್ಲ ಅವನ ವಯಸ್ಸಿನದೇ ಇರತ್ತೆ.

ನನ್ ಕತೇಲಿ ಒಂದು ಸೀನ್ ಹಿಂಗಿದೆ, ಇಲ್ಲೇ ಹಾಕ್ತೀನಿ:

ಬಾಗಿಲು ತೆಗೆದ ಹುಡುಗಿ ಇಬ್ಬರನ್ನೂ ಒಳಗೆ ಕರೆದು, ಬೆನ್ನು ಬಾಗಿದ ಮುದುಕನಿಗೆ ಕುರ್ಚಿ ಎಳೆದಳು. "ತಾತ, ಕೂತ್ಕೊಳ್ಳಿ. ನಿಮ್ಮ ಮಗಳು ನಿಂತೇ ಇದಾರಲ್ಲ, ಅವರಿಗೂ ತರ್ತೀನಿ." ಹೆಂಗಸು ಕುರ್ಚಿಗೆ ಕಾಯಲಿಲ್ಲ. ಮುದುಕನ ಅಂಗಿ ಗುಂಡಿ ತಪ್ಪಿ ಹಾಕಿದ್ದನ್ನ ನೋಡಿ ಬಗ್ಗಿ ಬಿಚ್ಚಿ ಸರಿಯಾಗಿ ಹಾಕಿದಳು. "ಎಷ್ಟ್ ಸಲ ಹೇಳೋದೋ ಮಗ ನಿಂಗೆ." "ಬೆರಳು ಬಗ್ಗಲ್ಲ ಕಣಮ್ಮ" ಅಂದ ಮುದುಕ.

ಇಷ್ಟೇ. ಬಟ್ಟಲಿನ ದರ ಎಷ್ಟು, ಹತ್ತು ವರ್ಷಕ್ಕೆ ಎಷ್ಟು ವಯಸ್ಸು ಅಂತ ವಿವರಿಸೋ ಎರಡು ಪ್ಯಾರಾ ಇತ್ತು ಅಲ್ಲಿ, ಪೂರ್ತಿ ಕಿತ್ತು ಹಾಕಿದೆ. ಗುಂಡಿ ಸಾಕು.

ಒಳಗೇ ಒಡಕು ಇರ್ಲೇಬೇಕು

ಒಂದೇ ದನಿಯಲ್ಲಿ ಮಾತಾಡೋ ಪಂಥ ಎಲ್ಲೂ ಇಲ್ಲ. ಗ್ರೀಸಲ್ಲಿ 1924ರಲ್ಲಿ ಚರ್ಚ್ ಹೊಸ ಕ್ಯಾಲೆಂಡರ್ ಒಪ್ಕೊಂಡಾಗ ಒಂದಷ್ಟು ಜನ ಒಪ್ಪಲ್ಲ ಅಂತ ಹೊರಗೆ ಬಂದ್ರು, ಅವರ ಕ್ರಿಸ್‌ಮಸ್ ಈಗ್ಲೂ 13 ದಿನ ತಡವಾಗಿ ಬರೋದು. ಸರಿ, ಹೊರಗೆ ಬಂದೋರು ಒಗ್ಗಟ್ಟಾಗಿದ್ರಾ? 1937ರಲ್ಲಿ ಅವರೊಳಗೇ ಒಡೀತು, ಹೊಸ ಕ್ಯಾಲೆಂಡರಿನವರು ಮಾಡೋ ಸಂಸ್ಕಾರಕ್ಕೆ ಅರ್ಥ ಉಳ್ಕೊಂಡಿದೆಯಾ ಇಲ್ಲವಾ ಅನ್ನೋ ಪ್ರಶ್ನೆ ಮೇಲೆ. ನಿಮ್ಮ ಪಂಥಕ್ಕೆ ಇದನ್ನ ಹಂಗೇ ಎತ್ಕೊಳ್ಳಿ: ಹೊಸ ಯಂತ್ರದಿಂದ ಬದುಕಿ ಉಳಿದ ಮಗು ಎದುರಿಗೆ ಬಂದು ನಿಂತಿದೆ, ಆ ಮಗುನ ಒಳಗೆ ಕರೀತೀರಾ? ಅದು ಬದುಕಿರೋ ಗಳಿಗೆ ಕದ್ದ ಗಳಿಗೆ ಅಂತ ಹೇಳೋರು ಒಂದು ಕಡೆ, ಮಗು ಏನ್ ತಪ್ಪು ಮಾಡ್ತು ಅನ್ನೋರು ಒಂದು ಕಡೆ.

ರಷ್ಯಾದ ಹಳೇ ನಂಬಿಕೆಯವರದ್ದು ಇನ್ನೂ ಕಷ್ಟ. 1650ರ ದಶಕದಲ್ಲಿ ಪೂಜಾವಿಧಿ ತಿದ್ದಿದ್ದನ್ನ ಒಪ್ಪದೇ ಬೇರೆ ಆದ್ರು, ಎರಡು ಬೆರಳಲ್ಲಿ ಶಿಲುಬೆ ಗುರುತು ಮಾಡ್ಬೇಕಾ ಮೂರಾ ಅನ್ನೋದೂ ಜಗಳದಲ್ಲಿತ್ತು. ಆದ್ರೆ ಪಾದ್ರಿಗೆ ದೀಕ್ಷೆ ಕೊಡೋಕೆ ಬಿಷಪ್ ಬೇಕು, ಅವರ ಕಡೆ ಬಿಷಪ್ಪೇ ಉಳೀಲಿಲ್ಲ. ಇರೋ ಪಾದ್ರಿಗಳೆಲ್ಲ ತೀರ್ಕೊಂಡ ಮೇಲೆ? ಒಂದು ಗುಂಪು ಎದುರು ಕಡೆಯಿಂದ ಬಂದ ಪಾದ್ರಿಗಳನ್ನೇ ಸೇರಿಸ್ಕೊಳ್ತು, ಇನ್ನೊಂದು ಗುಂಪು ಪಾದ್ರಿಯೇ ಬೇಡ ಅಂತ ಬದುಕೋಕೆ ಕಲೀತು. ಹಳೇದನ್ನ ಚೂರೂ ಬದಲಿಸಲ್ಲ ಅಂತ ಹೊರಟವರು ಕೊನೆಗೆ ಎಲ್ಲರಿಗಿಂತ ದೊಡ್ಡ ಬದಲಾವಣೆ ಮಾಡ್ಕೋಬೇಕಾಯ್ತು. ನಿಮ್ಮ ಪಂಥದಲ್ಲಿ ದೀಕ್ಷೆ ಕೊಡೋ ಹಕ್ಕು ಯಾರಿಗಿದೆ, ಅವರು ಸತ್ರೆ ಏನು ಅಂತ ಈಗ್ಲೇ ಬರ್ದಿಟ್ಕೊಳ್ಳಿ, ಮೂರನೇ ಭಾಗಕ್ಕೆ ಕತೆ ಬೇಕಾದಾಗ ಅದೇ ಕೈ ಹಿಡಿಯೋದು.

ರಾಜಿ ಮಾಡ್ಕೊಳ್ಳೋ ಬಣ ಒಂದಿರ್ಲಿ. ಜಪಾನಲ್ಲಿ ಯುರೋಪಿನ ಗಡಿಯಾರ ಬಂದಾಗ ಅಲ್ಲಿಯವರು ತಮ್ಮ ಹೊತ್ತಿನ ಲೆಕ್ಕ ಬಿಡ್ಲಿಲ್ಲ. ಅವರದ್ದು ಹಗಲಿಗೆ ಆರು ಭಾಗ, ರಾತ್ರಿಗೆ ಆರು ಭಾಗ, ಬೇಸಿಗೇಲಿ ಹಗಲಿನ ಭಾಗ ಉದ್ದ, ಚಳಿಗಾಲದಲ್ಲಿ ಗಿಡ್ಡ. ಅದಕ್ಕೆ ಅವರು ಗಡಿಯಾರವನ್ನೇ ತಿದ್ದಿ ಋತುವಿಗೆ ತಕ್ಕಂತೆ ಓಡೋ ಹಾಗೆ ಮಾಡಿದ್ರು, 1873ರಲ್ಲಿ ಸರ್ಕಾರ ಪದ್ಧತಿ ಬದಲಾಯಿಸೋವರೆಗೂ ಅದು ನಡೀತು. ಯಂತ್ರ ತಗೋತೀವಿ, ಆದ್ರೆ ಅದು ನಮ್ಮ ಮಾತು ಕೇಳ್ಬೇಕು ಅನ್ನೋ ಇಂಥ ಬಣದವರನ್ನ ಎರಡೂ ಕಡೆಯವರು ದ್ರೋಹಿ ಅಂತಾರೆ. ನನಗಂತೂ ಬರೆಯೋಕೆ ತುಂಬಾ ಇಷ್ಟ ಆದ ಪಾತ್ರಗಳು ಇವರೇ.

ಹೊಸಬರಿಗೂ ಮರ್ಯಾದೆ ಕೊಡಿ

ಹೊಸ ವಿದ್ಯೆಯವನು ಕಪ್ಪು ಕೋಟು ಹಾಕ್ಕೊಂಡು ಗಹಗಹಿಸಿ ನಗೋನಾದ್ರೆ ಪಂಥದ ವಿರೋಧಕ್ಕೆ ತೂಕಾನೇ ಇರಲ್ಲ. ಅವನ ಕಡೇನೂ ಸರಿಯಾದ ಮಾತಿರ್ಬೇಕು. ಒಂದು: ಬಟ್ಟಲಿನವರ ಕೈಲಿ ಊರಿಗೆ ದಿನಕ್ಕೆ ಹತ್ತೋ ಹದಿನೈದೋ ಗಳಿಗೆ ಸಿಗ್ತಿತ್ತು, ಅದು ಯಾರಿಗೆ ಸಿಗ್ತಿತ್ತು? ಪಂಥಕ್ಕೆ ಬೇಕಾದವರಿಗೆ. ಬಾಗಿಲ ಹೊರಗೆ ಕಾಯ್ತಾ ಕಾಯ್ತಾ ಮಗು ಕಳ್ಕೊಂಡ ಒಬ್ಬಳು ತಾಯಿನೇ ಹೊಸ ಯಂತ್ರ ಕಟ್ಟಿದ್ದು ಅಂತ ಇಟ್ರೆ ಓದೋರು ಯಾರ ಕಡೆ ನಿಲ್ತಾರೆ ಹೇಳಿ. ಇನ್ನೊಂದು, ಕಾಲ ಎಲ್ಲಾ ಕಡೆ ಒಂದೇ ಥರ ಹರಿಯೋ ಪವಿತ್ರ ನದಿ ಅನ್ನೋ ಮಾತನ್ನ ಅವಳು ಸುಲಭವಾಗಿ ಮುರೀಬಹುದು, ಭೌತಶಾಸ್ತ್ರನೇ ಅವಳ ಕಡೆ ಇದೆ. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಮೇಲಿನದಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಓಡತ್ತೆ, ಅದನ್ನ ಸರಿಪಡಿಸದೇ ಹೋದ್ರೆ ದಾರಿ ತೋರ್ಸೋ ಮ್ಯಾಪ್ ಒಂದೇ ದಿನದಲ್ಲಿ ಕಿಲೋಮೀಟರ್‌ಗಟ್ಟಲೆ ತಪ್ಪು ಹೇಳತ್ತೆ. 2010ರಲ್ಲಿ ಅಮೆರಿಕದ ಪ್ರಯೋಗವೊಂದರಲ್ಲಿ ಗಡಿಯಾರನ ಬರೀ 33 ಸೆಂಟಿಮೀಟರ್ ಮೇಲೆತ್ತಿದ್ದಕ್ಕೇ ಅದು ಬೇಗ ಓಡಿದ್ದು ಕಂಡಿತ್ತು. ಅಂದ್ರೆ ಮಹಡಿ ಮನೆಯವನ ಕಾಲ ಬೇರೆ, ಕೆಳಗಿನವನ ಕಾಲ ಬೇರೆ. "ನಿಮ್ಮ ಒಂದೇ ಕಾಲ ಎಲ್ಲಿದೆ ತೋರ್ಸಿ" ಅಂತ ಅವಳು ಕೇಳ್ತಾಳೆ.

ಇಬ್ಬರೂ ತಿಳಿದೋರಾಗಿರೋ ಜಗಳ ಹೆಂಗಿರತ್ತೆ ಅಂತ ನೋಡ್ಬೇಕಂದ್ರೆ ಲೀಪ್ ಸೆಕೆಂಡ್ ಕತೆ ಓದಿ. ಭೂಮಿ ತಿರುಗೋದು ಪರಮಾಣು ಗಡಿಯಾರದಷ್ಟು ಕರಾರುವಾಕ್ಕಲ್ಲ, ಅದಕ್ಕೆ 1972ರಿಂದ ಆಗಾಗ ಒಂದೊಂದು ಸೆಕೆಂಡ್ ಸೇರಿಸ್ಕೊಂಡು ಬಂದ್ರು, ಒಟ್ಟು 27 ಸಲ, ಕೊನೇದು 2016ರ ಡಿಸೆಂಬರ್ 31. ಕಂಪ್ಯೂಟರ್‌ನವರಿಗೆ ಇದು ದೊಡ್ಡ ತಲೆನೋವು, ತೆಗೀರಿ ಅಂತಾರೆ. ಗಡಿಯಾರಕ್ಕೂ ಸೂರ್ಯನಿಗೂ ಇರೋ ಗಂಟು ಬಿಚ್ಚಬೇಡಿ ಅನ್ನೋರು ಇನ್ನೊಂದು ಕಡೆ. 2022ರಲ್ಲಿ ಇದನ್ನ 2035ರೊಳಗೆ ಕೈಬಿಡೋದು ಅಂತ ತೀರ್ಮಾನ ಆಯ್ತು. ಯಾರೂ ವಿಲನ್ ಇಲ್ಲ, ಆದ್ರೂ ಜಗಳ ವರ್ಷಗಟ್ಟಲೆ ನಡೀತು.

ಪಂಥ ಹೋರಾಡೋದು ಹೆಂಗೆ

ಇಲ್ಲೊಂದು ಗುಂಡಿ ಇದೆ, ಬೀಳಬೇಡಿ. ಹೊಸಬರ ಯಂತ್ರಕ್ಕೆ ಕಾಲವನ್ನ ಹಿಂದಕ್ಕೆ ತಿರುಗಿಸೋ ಶಕ್ತಿ ಕೊಟ್ರೆ ಪಂಥ ಏನೇ ಮಾಡಿದ್ರೂ ಅವರು ಹಿಂದೆ ಹೋಗಿ ಸರಿ ಮಾಡ್ಕೊಂಡು ಬರ್ತಾರೆ, ಕತೆ ಅಲ್ಲಿಗೇ ಸತ್ತೋಯ್ತು. ಅದಕ್ಕೇ ಯಂತ್ರಕ್ಕೂ ಮಿತಿ ಇಡಿ. ನಾನಂತೂ ಹಿಂದಕ್ಕೆ ಹೋಗೋದನ್ನೇ ತೆಗೆದ್ಬಿಟ್ಟೆ, ನಿಲ್ಲಿಸ್ಬಹುದು, ನಿಧಾನ ಮಾಡ್ಬಹುದು, ಒಂದು ಕಡೆಯಿಂದ ಇನ್ನೊಂದು ಕಡೆಗೆ ಸಾಗಿಸ್ಬಹುದು, ಅಷ್ಟೇ.

ಹೋರಾಟ ಅಂದ್ರೆ ಬಾಂಬು ಕತ್ತಿನೇ ಆಗ್ಬೇಕಿಲ್ಲ. ಹಠದಿಂದ ಒಪ್ಪದೇ ಇರೋದು ಕೂಡ ದೊಡ್ಡ ಅಸ್ತ್ರ, ನೋಡೋಕೂ ಚೆನ್ನಾಗಿರತ್ತೆ. 1906ರಲ್ಲಿ ದೇಶಕ್ಕೆಲ್ಲ ಒಂದೇ ಹೊತ್ತು ಅಂತ ಬ್ರಿಟಿಷರು ತಂದ್ರೂ ಬಾಂಬೆ ತನ್ನ 39 ನಿಮಿಷ ಹಿಂದಿನ ಹೊತ್ತನ್ನ 1955ರವರೆಗೂ ಬಿಡ್ಲಿಲ್ಲ. ಆಕ್ಸ್‌ಫರ್ಡ್‌ನ ಕ್ರೈಸ್ಟ್ ಚರ್ಚ್ ಕಾಲೇಜಿನ ಗೋಪುರದಲ್ಲಿ ಇವತ್ತಿಗೂ ರಾತ್ರಿ 9 ಗಂಟೆ 5 ನಿಮಿಷಕ್ಕೆ 101 ಸಲ ಗಂಟೆ ಹೊಡೆಯೋದು, ಯಾಕಂದ್ರೆ ಊರಿನ ಸ್ವಂತ ಲೆಕ್ಕಕ್ಕೆ ಅದು ಸರಿಯಾಗಿ ಒಂಬತ್ತು. ರೈಲು ಬಂದು ಎಲ್ಲಾ ಕಡೆ ಲಂಡನ್ ಟೈಮ್ ಮಾಡಿದ್ರೂ ಆ ಐದು ನಿಮಿಷ ಬಿಟ್ಟುಕೊಟ್ಟಿಲ್ಲ. ನಿಮ್ಮ ಪಂಥದವರು ಊರ ಮಧ್ಯೆ ತಪ್ಪು ಹೊತ್ತಿಗೆ ಜಾಗಟೆ ಹೊಡೀತಾ ಇರೋದನ್ನ ಊಹಿಸ್ಕೊಳ್ಳಿ, ಜನ ಮೊದಲು ನಗ್ತಾರೆ, ಆಮೇಲೆ ಒಂದು ದಿನ ಯಂತ್ರ ಕೈಕೊಟ್ಟಾಗ ಎಲ್ಲರ ಕಿವಿ ಆ ಜಾಗಟೆ ಕಡೆ ತಿರುಗತ್ತೆ.

ಒಂದು ಗುಟ್ಟು, ಅದನ್ನ ಬಿಚ್ಚೋ ಜಾಗ

ಹಳೇದು ಅಂತ ಹಿಡ್ಕೊಂಡಿರೋದು ನಿಜವಾಗ್ಲೂ ಅಷ್ಟು ಹಳೇದಾ ಅಂತ ಕೆದಕಿ ನೋಡಿ. ನಮ್ಮ ಪಂಚಾಂಗದ ಜಗಳಾನೇ ತಗೊಳ್ಳಿ, ಕಣ್ಣಿಗೆ ಕಂಡ ಗ್ರಹಸ್ಥಿತಿಗೆ ಲೆಕ್ಕ ಹೊಂದಿಸೋ ದೃಗ್ಗಣಿತನ ಇವತ್ತಿಗೂ "ಹೊಸದು" ಅನ್ನೋರಿದಾರೆ, ಕೇರಳದ ಪರಮೇಶ್ವರ ಅದನ್ನ ಬರೆದಿದ್ದು 1431ರಲ್ಲಿ. ಆರು ನೂರು ವರ್ಷದ ಹೊಸದು!

ನನ್ನ ಕತೇಲಿ ಗುಟ್ಟು ಇರೋದು ಬಟ್ಟಲಿನ ತೂತಲ್ಲಿ. ಗಡಸು ನೀರಲ್ಲಿ ದಿನಾ ತೇಲಿಬಿಟ್ರೆ ತೂತಿನ ಅಂಚಿಗೆ ಸುಣ್ಣ ಕಟ್ಟತ್ತೆ, ತೂತು ಕಿರಿದಾಗಿ ಬಟ್ಟಲು ತಡವಾಗಿ ಮುಳುಗತ್ತೆ. ಅದಕ್ಕೆ ವಾರಕ್ಕೊಮ್ಮೆ ಸೂಜಿ ಹಾಕಿ ಕೆರೀಬೇಕು. ಕೆರೆದೂ ಕೆರೆದೂ ತಾಮ್ರ ಸವೆದು ತೂತು ಅಗಲ ಆಗತ್ತೆ, ಆಗ ಬೇಗ ಮುಳುಗತ್ತೆ. ಸಾಲದ್ದಕ್ಕೆ ತಣ್ಣೀರು ಮಂದ, ಚಳಿಗಾಲದಲ್ಲಿ ಸಣ್ಣ ತೂತಲ್ಲಿ ನಿಧಾನವಾಗಿ ಏರತ್ತೆ. ಮುನ್ನೂರು ವರ್ಷ ಬದಲಾಗದ ಬಟ್ಟಲು ಅಂತ ಪ್ರಮಾಣ ಮಾಡೋ ಪಂಥದಲ್ಲಿ ಬಟ್ಟಲು ಪ್ರತಿ ವಾರ ಬದಲಾಗ್ತಿದೆ, ಅದೂ ಸೇವೆ ಮಾಡೋ ಕೈಯಿಂದಲೇ.

ಇದನ್ನ ಎದುರಾಳಿ ಬಾಯಲ್ಲಿ ಹೇಳಿಸ್ಬೇಡಿ, ಕೋರ್ಟ್ ಸೀನ್ ಆಗ್ಬಿಡತ್ತೆ. ಸೂಜಿ ಹಿಡಿಯೋ ಹುಡುಗನ ಕಣ್ಣಿಗೆ ಬೀಳ್ಲಿ. ಸೇರಿ ಇನ್ನೂ ಎರಡು ತಿಂಗಳಾಗಿರೋನು, ಮೈ ಲೆಕ್ಕಕ್ಕೆ ಆಗ್ಲೇ ಒಂದು ವರ್ಷ ಹಣ್ಣಾಗಿರೋನು, ಹೊಸಬರ ಗಡಿಯಾರ ಒಂದನ್ನ ಜೇಬಲ್ಲಿ ಬಚ್ಚಿಟ್ಕೊಂಡು ಬಂದು ಬಟ್ಟಲಿನ ಪಕ್ಕ ಇಡ್ತಾನೆ. ಬಟ್ಟಲು ಮುಳುಗತ್ತೆ. ಗಡಿಯಾರ ನೋಡ್ತಾನೆ, 22 ನಿಮಿಷ. ಇನ್ನೊಂದು ಸಲ ತೇಲಿಬಿಟ್ಟು ನೋಡ್ತಾನೆ, ಮತ್ತೆ 22. ಒಂದು ಇಡೀ ದಿನ ಆಯುಷ್ಯ ಕೊಟ್ಟು ಗಳಿಗೆ ಕೂತ್ರೆ ಒಳಗಿರೋ ರೋಗಿಗೆ ಎರಡು ನಿಮಿಷ ಕಮ್ಮಿ ಸಿಕ್ತಿದೆ, ಯಾವಾಗಿಂದ ಅಂತ ಯಾರಿಗೂ ಗೊತ್ತಿಲ್ಲ. ನಾನು ಆ ಅಧ್ಯಾಯನ ಅಲ್ಲಿಗೇ ನಿಲ್ಲಿಸಿದೀನಿ, ಹುಡುಗ ಬಟ್ಟಲು ಎತ್ತಿ, ನೀರು ಚೆಲ್ಲಿ, ಜಾಗಟೆ ಹೊಡೀಬೇಕೋ ಇನ್ನೆರಡು ನಿಮಿಷ ಕಾಯ್ಬೇಕೋ ಅಂತ ಕೋಲು ಹಿಡ್ಕೊಂಡು ಕೂತಿರೋ ಜಾಗದಲ್ಲಿ.